ಜೋಡಿ ಹಚ್ಚೆ

ಜೂನ್ 8, 1996, ಶನಿವಾರ. ಫಾಗಾಲೆಲೆ

ಇದು ಪಟ್ಟು ಬರೆದುಕೊಳ್ಳುವ ಪುಸ್ತಕ. ಹಿಂದಿನ ಹಾಳೆಗಳಲ್ಲೆಲ್ಲ ಯಾವ ಊರಿನಲ್ಲಿ ಯಾರ ಜೊತೆ ಕುಸ್ತಿ, ಯಾರು ಗೆಲ್ಲಬೇಕು, ಎಷ್ಟನೇ ನಿಮಿಷಕ್ಕೆ ಯಾರು ಬೀಳಬೇಕು ಎಂದಷ್ಟೇ ಇದೆ. ಊರಲ್ಲಿ ಕುಸ್ತಿ ಇಲ್ಲ. ಬರೆಯದಿದ್ದರೆ ಕೈ ಸುಮ್ಮನಿರುವುದಿಲ್ಲ, ಅದಕ್ಕೆ ಬರೆಯುತ್ತಿದ್ದೇನೆ.

ನಮ್ಮ ದ್ವೀಪದಲ್ಲಿ ಹಡಗು ಇಳಿದು, ಊರಿಗೆ ಬಸ್ಸು ಹಿಡಿದು, ಮನೆ ಮುಂದೆ ಚೀಲ ಇಡುವಷ್ಟರಲ್ಲಿ ಸುಲುಫಾ ಅತ್ತೆ ಪೊರಕೆ ಹಿಡಿದು ಬಂದಳು. ಮೊದಲ ಏಟು ಭುಜಕ್ಕೆ, ಎರಡನೆಯದು ಕಾಲಿಗೆ. ಪಾದ್ರಿಯ ಮನೆಯ ಟಿವಿಯಲ್ಲಿ ಊರಿಗೆ ಊರೇ ಕೂತು ಮೇ ತಿಂಗಳ ಹೊನೊಲುಲು ಕುಸ್ತಿಯ ಕ್ಯಾಸೆಟ್ ನೋಡಿತ್ತು. ಹನ್ನೊಂದು ವರ್ಷ ಜೋಡಿಯಾಗಿ ಆಡಿದ ಇಯೋಸುವಾನ ಬೆನ್ನಿಗೆ ನಾನು ಕಬ್ಬಿಣದ ಕುರ್ಚಿಯಿಂದ ಬಾರಿಸಿ, ಅವನನ್ನು ಅಲ್ಲೇ ಬಿಟ್ಟು, ಎದುರಾಳಿಗಳ ಕೈ ಕುಲುಕಿ ಹೊರಟುಹೋದ ಕುಸ್ತಿ ಅದು.

"ಅತ್ತೆ, ಅದು ಆಟ. ಅವನಿಗೂ ಗೊತ್ತಿತ್ತು. ಎಲ್ಲಿ ಹೊಡೀಬೇಕು ಅಂತ ಅವನೇ ತೋರಿಸ್ಕೊಟ್ಟಿದ್ದ."

"ಆಟ ಅಂತ ನಂಗೂ ಗೊತ್ತು ಕಣೋ. ನಿಮ್ಮಪ್ಪ ಮೂವತ್ತು ವರ್ಷ ಆಡಿದ್ದನ್ನ ನೋಡಿದೀನಿ. ಹೊಡೆದಿದ್ದಕ್ಕಲ್ಲ ಇದು. ಹೊಡೆದು ತಿರುಗಿ ನೋಡ್ಲಿಲ್ವಲ್ಲ, ಅದಕ್ಕೆ."

ತಿರುಗಿ ನೋಡಬಾರದೆಂದು ಕುಸ್ತಿ ಆಡಿಸುವ ಕಂಪನಿಯ ಹಾರ್ಲನ್ ಹೇಳಿದ್ದ ಎಂದೆ. ಹಾಗಾದರೆ ಆ ಹಾರ್ಲನ್ ಬಂದರೆ ಅವನಿಗೂ ಒಂದು ಪೊರಕೆ ಎತ್ತಿಟ್ಟಿರುತ್ತೇನೆ ಎಂದು ಒಳಗೆ ಹೋಗಿ, ದೊಡ್ಡ ಲೋಟದಲ್ಲಿ ಕೋಕೊ ತಂದುಕೊಟ್ಟಳು. ಕೋಕೊ ಕುಡಿದೆ. ಭುಜ ಇನ್ನೂ ಉರಿಯುತ್ತಿದೆ.

ಜೂನ್ 9, ಭಾನುವಾರ

ಚರ್ಚಿನಲ್ಲಿ ಮಕ್ಕಳೆಲ್ಲ ನನ್ನನ್ನು ನೋಡಿ ಸರಿದು ಕೂತವು. ಖಳನಾಯಕ ಬಂದ ಎಂದು. ಆಮೇಲೆ ಪಾದ್ರಿ ನನಗೂ ಆ ಕ್ಯಾಸೆಟ್ ಹಾಕಿ ತೋರಿಸಿದರು.

ಊಟವಾದ ಮೇಲೆ ದೊಡ್ಡಪ್ಪ ಕಂಬಕ್ಕೆ ಒರಗಿ ಕೂತು ನನ್ನನ್ನು ಎದುರಿಗೆ ಕೂರಿಸಿಕೊಂಡರು. ದೊಡ್ಡಪ್ಪ ಮತ್ತು ನನ್ನಪ್ಪ ಒಂದು ಕಾಲದ ಹೆಸರಾಂತ ಕುಸ್ತಿ ಜೋಡಿ. ಅಪ್ಪ ಹೋದರು. ದೊಡ್ಡಪ್ಪನಿಗೆ ಸೊಂಟ ಹೋಗಿದೆ, ಕಿವಿಗಳು ಮುದುಡಿ ಹೋಗಿವೆ, ಆದರೂ ಮನೆತನದ ಯಜಮಾನ ಅವರೇ. ಇಯೋಸುವಾ ಅವರ ಮಗ, ನನಗಿಂತ ಎರಡು ವರ್ಷಕ್ಕೆ ದೊಡ್ಡವನು. ನಾವಿಬ್ಬರೂ ಒಂದೇ ಚಾಪೆಯ ಮೇಲೆ ಮಲಗಿ ಬೆಳೆದವರು. ಹದಿನಾಲ್ಕನೇ ವಯಸ್ಸಿನಲ್ಲಿ, ಪೆಅ ಹಾಕಿಸಿಕೊಂಡರೆ ಇಬ್ಬರೂ ಒಟ್ಟಿಗೆ ಎಂದು ನಾನು ಅವನಿಗೆ ಮಾತು ಕೊಟ್ಟಿದ್ದೆ. ಸೊಂಟದಿಂದ ಮೊಣಕಾಲಿನವರೆಗಿನ ಆ ಹಚ್ಚೆಯನ್ನು ನಮ್ಮಲ್ಲಿ ಒಂಟಿಯಾಗಿ ಹಾಕಿಸಿಕೊಳ್ಳುವ ಪದ್ಧತಿಯಿಲ್ಲ. ನೋವನ್ನು ಹಂಚಿಕೊಳ್ಳಲು ಜೋಡಿ ಬೇಕು.

ಬುಧವಾರ ಶುರು, ಹಚ್ಚೆಯ ಗುರುಗಳಿಗೆ ಹೇಳಿ ಆಗಿದೆ, ಇಯೋಸುವಾ ಮಂಗಳವಾರ ಬರುತ್ತಾನೆ ಎಂದರು ದೊಡ್ಡಪ್ಪ. ನಾನು ಆಗಲಿ ಎಂದೆ.

ಈಗ ಬರೆಯಲೇಬೇಕಾದ್ದನ್ನು ಬರೆಯುತ್ತೇನೆ. ಹಾರ್ಲನ್ ಏಪ್ರಿಲಿನಲ್ಲಿ ನನ್ನೊಬ್ಬನನ್ನೇ ಕರೆದು ಹೇಳಿದ್ದ: ಜುಲೈ ಕೊನೆಗೆ ಇಯೋಸುವಾನ ಕರಾರು ಮುಗಿಯುತ್ತದೆ, ಕಂಪನಿ ಮತ್ತೆ ಬರೆದುಕೊಡುವುದಿಲ್ಲ, ಆ ಕುರ್ಚಿ ಏಟೇ ಅವನ ಕೊನೆಯ ಕುಸ್ತಿ. ಆಗಸ್ಟಿನಲ್ಲಿ ಚಾಂಪಿಯನ್ ಪಟ್ಟ ನನಗೆ. ಅವನಿಗೆ ಈಗಲೇ ಹೇಳಬೇಡ, ಹೇಳಿದರೆ ಏಟು ತಿನ್ನಲು ಒಪ್ಪುವುದಿಲ್ಲ ಎಂದ. ನಾನು ಬಾಯಿಬಿಟ್ಟು ಸರಿ ಅನ್ನಲಿಲ್ಲ. ತಲೆ ಆಡಿಸಿದೆ ಅಷ್ಟೆ. ತಲೆ ಆಡಿಸಿದರೆ ಒಪ್ಪಿದಂತೆಯೇ? ನನಗೆ ತಿಳಿಯುತ್ತಿಲ್ಲ. ಇಯೋಸುವಾ ಮಾತ್ರ ಇದು ಆರೆಂಟು ವಾರದ ರಜೆ, ಆಮೇಲೆ ಸೇಡಿನ ಕುಸ್ತಿ ಎಂದೇ ನಂಬಿದ್ದಾನೆ.

ಮಂಗಳವಾರ ಅವನು ಬಂದ ಕೂಡಲೇ ಹೇಳಿಬಿಡುತ್ತೇನೆ. ಬುಧವಾರಕ್ಕೆ ಮೊದಲು.

ಜೂನ್ 11, ಮಂಗಳವಾರ

ಹೇಳಲಿಲ್ಲ.

ಬಸ್ಸಿನಿಂದ ಇಳಿದವನೇ ನನ್ನ ಕತ್ತು ಅಮುಕಿ ಹಿಡಿದು ರಸ್ತೆಯಲ್ಲೇ ಕೆಡವಿದ. ಮಕ್ಕಳೆಲ್ಲ ಕೇಕೆ ಹಾಕಿದವು. ಮಣ್ಣಿನಲ್ಲಿ ಹೊರಳುತ್ತ ಕಿವಿಯಲ್ಲಿ, "ಈಗ ನಾನು ಎದೆ ಮೇಲೆ ಕೂರ್ತೀನಿ, ನೀನು ಸೋತೆ ಅಂತ ನೆಲಕ್ಕೆ ಕೈ ಬಡಿ," ಎಂದ. ಬಡಿದೆ. ಅಖಾಡದಲ್ಲೂ ಹೀಗೆಯೇ. ಮುಂದಿನ ಪಟ್ಟು ಏನೆಂದು ಯಾವಾಗಲೂ ಅವನೇ ಕಿವಿಯಲ್ಲಿ ಹೇಳುತ್ತಾನೆ, ನಾನು ಮಾಡುತ್ತೇನೆ. ಹನ್ನೊಂದು ವರ್ಷದಲ್ಲಿ ನಾನಾಗಿ ಯೋಚಿಸಿದ್ದೇ ಇಲ್ಲ.

ಊಟಕ್ಕೆ ಕೂತಾಗ ಅವನಿಗೆ ಒಂದೇ ಮಾತು. ಆಗಸ್ಟಿನಲ್ಲಿ ಹೊನೊಲುಲುವಿನ ಅಖಾಡಕ್ಕೆ ಇಳಿದು, ಸುತ್ತಿದ ಬಟ್ಟೆ ಬಿಚ್ಚಿ, ಹೊಸ ಪೆಅ ತೋರಿಸಿ, ಆಮೇಲೆ ನನ್ನನ್ನು ಹಿಟ್ಟು ಮಾಡುತ್ತಾನಂತೆ. "ಜನ ಎದ್ದು ನಿಲ್ತಾರೆ ನೋಡು ಮಿನೊ. ನಿನ್ನ ಮೂಳೆ ಎಣಿಸ್ಕೊಂಡು ಬಾ." ದೊಡ್ಡಪ್ಪ ಇಷ್ಟು ನಕ್ಕಿದ್ದನ್ನು ನಾನು ಅಪ್ಪ ಹೋದ ಮೇಲೆ ನೋಡಿರಲಿಲ್ಲ. ಆ ನಗುವಿನ ಮಧ್ಯೆ ಹೇಗೆ ಹೇಳುವುದು?

ಜೂನ್ 12, ಬುಧವಾರ

ಬೋರಲು ಮಲಗಿ ಬರೆಯುತ್ತಿದ್ದೇನೆ. ಇಯೋಸುವಾ ಪಕ್ಕದಲ್ಲೇ ನಿದ್ದೆ ಹೋಗಿದ್ದಾನೆ.

ಕೆಲಸಕ್ಕೆ ಮೊದಲು ಗುರುಗಳು ಮಸಿ ಚುಚ್ಚುವ ಚೂಪು ಹಲ್ಲಿನ ಹಣಿಗೆ, ಅದನ್ನು ತಟ್ಟುವ ಕೋಲು ಎಲ್ಲ ಮುಂದಿಟ್ಟುಕೊಂಡು ಒಂದು ಮಾತು ಕೇಳಿದರು. ಇಬ್ಬರ ನಡುವೆ ಏನಾದರೂ ಕಹಿ ಇದ್ದರೆ ಈಗಲೇ ಹೇಳಿ, ಕೋಲು ಬಿದ್ದ ಮೇಲೆ ಮುಗಿಯುವವರೆಗೆ ಏಳುವಂತಿಲ್ಲ. ಅತ್ತೆ, "ಒಂದು ಕುರ್ಚಿ ಇದೆ ನಡುವೆ," ಎಂದಳು. ಎಲ್ಲರೂ ನಕ್ಕರು. ಇಯೋಸುವಾ ಏನೂ ಇಲ್ಲ ಎಂದ.

ಎಲ್ಲರೂ ನನ್ನ ಕಡೆ ನೋಡಿದರು. ಕುಂಬಳಕಾಯಿ ಕಳ್ಳ ಹೆಗಲು ಮುಟ್ಟಿ ನೋಡಿಕೊಂಡಂತೆ ನಾನು ಸೊಂಟದ ಬಟ್ಟೆ ಸರಿಮಾಡಿಕೊಂಡೆ. "ಏನೂ ಇಲ್ಲ," ಎಂದೆ.

ಯಾಕೆ ಹಾಗೆಂದೆ? ಒಟ್ಟಿಗೆ ನೋವು ತಿಂದರೆ ಎಲ್ಲ ತೊಳೆದುಹೋಗುತ್ತದೆ ಅನ್ನಿಸಿತ್ತು. ಆ ಕ್ಷಣಕ್ಕೆ ಅದು ಬಹಳ ಸರಿ ಎಂದು ಕಂಡಿತು. ಈಗ ಅಷ್ಟು ಸರಿ ಎಂದು ಕಾಣುತ್ತಿಲ್ಲ.

ಜೂನ್ 14, ಶುಕ್ರವಾರ

ಟಕ್ ಟಕ್ ಟಕ್. ನಿದ್ದೆಯಲ್ಲೂ ಅದೇ ಸದ್ದು. ಇಬ್ಬರು ಆಳುಗಳು ಚರ್ಮ ಎಳೆದು ಹಿಡಿಯುತ್ತಾರೆ, ಗುರುಗಳು ಹಣಿಗೆ ಇಟ್ಟು ಕೋಲಿನಿಂದ ತಟ್ಟುತ್ತಾರೆ, ಅತ್ತೆ ತಲೆಯ ಹತ್ತಿರ ಕೂತು ಬೀಸಣಿಗೆ ಬೀಸುತ್ತ ಹಾಡುತ್ತಾಳೆ. ಸೊಂಟದ ಮೇಲಿನ ದೋಣಿಯ ಚಿತ್ರ ಇಬ್ಬರಿಗೂ ಮುಗಿಯಿತು.

ನನ್ನ ಕಸುಬೇ ತಿರುವುಮುರುವಾದಂತಿದೆ. ಅಖಾಡದಲ್ಲಿ ಇಲ್ಲದ ನೋವನ್ನು ಕೊನೆಯ ಸಾಲಿನ ಅಜ್ಜಿಗೂ ಕಾಣುವಂತೆ ತೋರಿಸಬೇಕು. ಇಲ್ಲಿ ಇರುವ ನೋವನ್ನು ಪಕ್ಕದವನಿಗೂ ಕಾಣದಂತೆ ನುಂಗಬೇಕು. ಸದ್ದು ಮಾಡಿದರೆ ಮನೆತನಕ್ಕೇ ನಗೆಪಾಟಲು. ಯಾವುದು ನಿಜವಾದ ಮುಖ ಎಂದು ನನಗೇ ಮರೆತುಹೋಗುತ್ತಿದೆ.

ಇಯೋಸುವಾ ನನ್ನ ತಲೆಯ ಬಳಿ ಕೂತು ಪಿಸುಗುಟ್ಟುತ್ತಾನೆ: "ಈಗ ಎಡಕ್ಕೆ ಬರ್ತಾರೆ. ಉಸಿರು ಬಿಡು. ಇನ್ನು ಹತ್ತು ತಟ್ಟು, ಆಮೇಲೆ ಒರೆಸ್ತಾರೆ." ಅವನು ಹೇಳಿದಂತೆಯೇ ಆಗುತ್ತದೆ.

ಜೂನ್ 17, ಸೋಮವಾರ

ಇಬ್ಬರೂ ಕುಂಟುತ್ತ ಸಮುದ್ರಕ್ಕೆ ಹೋಗಿ ಮೈ ತೊಳೆದುಕೊಂಡು ಬಂದೆವು. ಹಚ್ಚೆ ಮುಗಿಯುವವರೆಗೆ ಜೋಡಿ ಒಬ್ಬರನ್ನೊಬ್ಬರು ಬಿಟ್ಟು ಓಡಾಡುವಂತಿಲ್ಲ. ದಾರಿಯಲ್ಲಿ ಟೀನಾಲಿ ಸಿಕ್ಕಿದ. ಐವತ್ತು ದಾಟಿದವನು, ಸುಡುಬಿಸಿಲಲ್ಲೂ ಉದ್ದ ಪ್ಯಾಂಟು ಹಾಕುತ್ತಾನೆ. ಇಪ್ಪತ್ತನೇ ವಯಸ್ಸಿನಲ್ಲಿ ಅವನ ಜೋಡಿ ಜಗಳವಾಡಿ ಎದ್ದುಹೋದ, ಇವನೂ ಎದ್ದ. ಇಬ್ಬರ ಪೆಅವೂ ಅರ್ಧಕ್ಕೇ ನಿಂತಿತು, ನಮ್ಮಲ್ಲಿ ಅದು ಸಾಯುವವರೆಗಿನ ಅವಮಾನ. ಇವತ್ತಿಗೂ ಯಾರೊಂದಿಗೂ ಕೂಡಿ ಸ್ನಾನಕ್ಕೆ ಇಳಿಯುವುದಿಲ್ಲ. ಮದುವೆ ಊಟದಲ್ಲೂ ಕೊನೆಯಲ್ಲಿ ಕೂರುತ್ತಾನೆ.

ಈಗ ನಾನು ಬಾಯಿ ಬಿಟ್ಟರೆ ಇಯೋಸುವಾ ಎದ್ದುಹೋಗಬಹುದು. ನನ್ನ ಜೊತೆ ಅವನೂ ಸಾಯುವವರೆಗೆ ಪ್ಯಾಂಟು ಹಾಕಬೇಕು. ಹೇಳದಿದ್ದರೆ ಸುಳ್ಳಿನ ಪಕ್ಕದಲ್ಲಿ ಮಲಗಿ ಅವನು ಪೆಅ ಮುಗಿಸಬೇಕು. ಅತ್ತ ದರಿ, ಇತ್ತ ಪುಲಿ. ಗುರುಗಳು ಕೇಳಿದಾಗಲೇ ಹೇಳಿದ್ದರೆ? ಬಾಯಿಗೆ ಏನಾಗಿತ್ತೋ.

ಮುಗಿದ ಮೇಲೆ ಹೇಳುತ್ತೇನೆ. ಇದು ಅವನ ಒಳ್ಳೆಯದಕ್ಕೇ. ಹೌದು ತಾನೆ?

ಜೂನ್ 20

ಜ್ವರ. ತೊಡೆ ಬಾತಿದೆ. ಇಯೋಸುವಾ ಬೇಯಿಸಿದ ಟಾರೊ ಗೆಡ್ಡೆ ಕಿವುಚಿ ತಿನ್ನಿಸಿದ.

ಜೂನ್ 22, ಶನಿವಾರ

ಜ್ವರ ಇಳಿದಿದೆ. ಇವತ್ತು ಅವನ ತೊಡೆಯ ಒಳಭಾಗ. ಅಲ್ಲಿ ಚರ್ಮ ತೆಳು. ಅವನು ಕಣ್ಣು ಮುಚ್ಚಿ, ಹಲ್ಲು ಕಚ್ಚಿ, ತಟ್ಟು ನಿಂತಾಗಲೆಲ್ಲ ಆಗಸ್ಟಿನ ಕುಸ್ತಿಯ ಮಾತು ಆಡುತ್ತಿದ್ದ. ಅದನ್ನು ನೆನೆದರೆ ನೋವು ದೂರ ಹೋಗುತ್ತದಂತೆ. ಮೊದಲ ಹತ್ತು ನಿಮಿಷ ನಾನು ಓಡಿಹೋಗುತ್ತಿರಬೇಕು. ಆಮೇಲೆ ಅದೇ ಕುರ್ಚಿ ಅವನ ಕೈಗೆ ಸಿಗಬೇಕು. ಅವನು ಎತ್ತಬೇಕು, ಜನ ಹೊಡಿ ಹೊಡಿ ಅನ್ನಬೇಕು. ಆದರೆ ಅವನು ಹೊಡೆಯದೆ ಕುರ್ಚಿ ಹಾಕಿ, ಅದರ ಮೇಲೆ ನನ್ನನ್ನು ಕೂರಿಸಬೇಕು.

"ಹೊಡೀದೆ ಬಿಟ್ರೆ ಜನ ಒಪ್ತಾರಾ?" ಎಂದೆ.

"ತಮ್ಮ ಕಣೋ ನೀನು. ಒಪ್ಪದೆ ಏನು ಮಾಡ್ತಾರೆ?"

ನಾನೂ ಒಂದೆರಡು ಪಟ್ಟುಗಳನ್ನು ಸೇರಿಸಿದೆ. ಕೊನೆಗೆ ಯಾರು ಯಾರ ಕೈ ಎತ್ತಬೇಕೆಂದು ಚರ್ಚೆ ಮಾಡಿದೆ. ಕೂಸು ಚಿವುಟಿ ತೊಟ್ಟಿಲು ತೂಗುವುದು ಎಂದರೆ ಇದೇ. ನಡೆಯದ ಕುಸ್ತಿಯನ್ನು ಈ ಪುಸ್ತಕದ ಹಿಂದಿನ ಹಾಳೆಯಲ್ಲಿ ಬರೆದೂ ಇಟ್ಟೆ. ಬಹಳ ಒಳ್ಳೆಯ ಕುಸ್ತಿ. ನಾವು ಆಡಿದ್ದರಲ್ಲೆಲ್ಲ ಒಳ್ಳೆಯದು.

ಜೂನ್ 26, ಬುಧವಾರ

ಇವತ್ತು ಹೊಕ್ಕುಳು. ಅದು ಮುಗಿದರೆ ಪೆಅ ಮುಗಿದಂತೆ. ಮೊದಲು ಇಯೋಸುವಾ. ಒಂದು ಸದ್ದು ಇಲ್ಲದೆ ಮುಗಿಸಿ ಎದ್ದ. ದೊಡ್ಡಪ್ಪ ಎದ್ದು ನಿಲ್ಲಲಾಗದೆ ಕೂತಲ್ಲೇ ನೆಲ ತಟ್ಟಿದರು.

ಆಮೇಲೆ ನಾನು. ಎಲ್ಲ ದಿನ ತಡೆದವನು ಇವತ್ತು ತಡೆಯಲಿಲ್ಲ. ನೋವು ಅಷ್ಟೇನೂ ಹೆಚ್ಚಿರಲಿಲ್ಲ, ನಿಜ ಹೇಳಬೇಕೆಂದರೆ. ಅವನು ನನ್ನ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು, "ಮುಗೀತು, ಇನ್ನು ಐದು ತಟ್ಟು," ಎಂದ. ಅದನ್ನು ಕೇಳಿದ್ದೇ ನನ್ನ ಗಂಟಲಿನಿಂದ ಅಳು ಹೊರಟಿತು. ಮಗುವಿನ ಹಾಗೆ. ಅದೇ ಉಸಿರಿಗೆ ಇಯೋಸುವಾ ಬಾಯಿ ತೆರೆದು ನನಗಿಂತ ದೊಡ್ಡದಾಗಿ ಅತ್ತ. ನನ್ನ ದನಿ ಅದರಡಿ ಮುಳುಗಿಹೋಯಿತು.

ಅತ್ತೆ ಹಾಡು ನಿಲ್ಲಿಸಿ ಯಾರು ಅತ್ತದ್ದು ಎಂದಳು.

"ನಾನೇ ಅತ್ತೆ. ಇವನ ಹೊಟ್ಟೆ ನೋಡೋಕಾಗ್ಲಿಲ್ಲ," ಎಂದ ಅವನು.

ಮನೆಯೆಲ್ಲ ಬಿದ್ದು ಬಿದ್ದು ನಕ್ಕಿತು. ತನ್ನ ಹೊಕ್ಕುಳಿಗೆ ಅಳದವನು ತಮ್ಮನ ಹೊಕ್ಕುಳಿಗೆ ಅತ್ತ ಎಂದು ಸಂಜೆಯೊಳಗೆ ಊರಿಗೆಲ್ಲ ಗೊತ್ತಾಯಿತು. ಇನ್ನು ನಲವತ್ತು ವರ್ಷ ಇದನ್ನೇ ಹೇಳಿ ಆಡಿಕೊಳ್ಳುತ್ತಾರೆ. ನಾನು ತುಟಿ ಬಿಚ್ಚಲಿಲ್ಲ. ಬೀಳಬೇಕಾದವನು ನಾನು, ಬಿದ್ದುಕೊಟ್ಟವನು ಅವನು. ಯಾರೂ ಬರೆದುಕೊಡದೆ, ಯಾರೂ ಹೇಳದೆ ಅವನು ಹಾಗೆ ಮಾಡಿದ.

ನನಗೆ ನಾಚಿಕೆಯಾಗುತ್ತಿದೆ. ಬೇರೆ ಏನೂ ತಿಳಿಯುತ್ತಿಲ್ಲ, ಇದೊಂದು ತಿಳಿಯುತ್ತಿದೆ.

ಜೂನ್ 29, ಶನಿವಾರ

ಇವತ್ತು ಪೆಅ ಮುಗಿದ ಶಾಸ್ತ್ರ. ಗುರುಗಳಿಗೆ ನವಿರು ಚಾಪೆಗಳು, ಹಂದಿ ಎಲ್ಲ ಒಪ್ಪಿಸಿದರು. ನಮ್ಮಿಬ್ಬರನ್ನೂ ಹೂಮಾಲೆ ಹಾಕಿ ಅಕ್ಕಪಕ್ಕ ಕೂರಿಸಿದರು. ಇನ್ನು ತಲೆಯ ಮೇಲೆ ಮೊಟ್ಟೆ ಒಡೆದು ಎಣ್ಣೆ ಹಚ್ಚಿದರೆ ಎಲ್ಲ ಮುಗಿಯಿತು.

ಹೆಂಗಸರು ಹಾಡುತ್ತಿದ್ದರು. ಗುರುಗಳು ಮೊಟ್ಟೆ ಹಿಡಿದು ಬರುತ್ತಿದ್ದರು. ನಾನು ಬಾಗಿ ಅವನ ಕಿವಿಗೆ ಬಾಯಿ ಇಟ್ಟೆ. ಹನ್ನೊಂದು ವರ್ಷದಲ್ಲಿ ಮೊದಲ ಸಲ ಅವನ ಕಿವಿಯಲ್ಲಿ ನಾನು ಹೇಳಿದ್ದು ಇದು: "ಆಗಸ್ಟ್ ಕುಸ್ತಿ ಇಲ್ಲ. ನಿನ್ನನ್ನ ತೆಗೆದಿದಾರೆ. ಪಟ್ಟ ನಂಗೆ ಕೊಡ್ತಾರೆ. ಏಪ್ರಿಲಲ್ಲೇ ಗೊತ್ತಿತ್ತು."

ಮೊಟ್ಟೆ ಅವನ ತಲೆಯ ಮೇಲೆ ಒಡೆಯಿತು. ಹಳದಿ ಹಣೆಯಿಂದ ಇಳಿದು ರೆಪ್ಪೆಯ ಮೇಲೆ ನಿಂತಿತು. ಅವನು ಒರೆಸಿಕೊಳ್ಳಲಿಲ್ಲ. ಪಾದ್ರಿಯ ಟಿವಿಯಲ್ಲಿ ಕುರ್ಚಿ ಬಿದ್ದಾಗ ಅವನ ಮುಖ ಹೇಗಿತ್ತೋ ಈಗಲೂ ಹಾಗೆಯೇ ಇತ್ತು. ಆವತ್ತು ಅದನ್ನು ನಟನೆ ಎಂದು ಮೆಚ್ಚಿಕೊಂಡಿದ್ದೆ. ಅಥವಾ ಆವತ್ತೂ ನಟನೆಯಲ್ಲವೇ? ಅವನಿಗೆ ಆಗಲೇ ಏನೋ ಹೊಳೆದಿತ್ತೇ?

ಜೋಡಿ ಕುಣಿಯಬೇಕು, ಕುಣಿದೆವು. ಜನ ಚಪ್ಪಾಳೆ ತಟ್ಟಿದರು. ಅವನು ಒಮ್ಮೆಯೂ ನನ್ನ ಕಡೆ ತಿರುಗಿ ನೋಡಲಿಲ್ಲ.

ಜುಲೈ 2, ಮಂಗಳವಾರ

ಮಾತಿಲ್ಲ. ಜಗಳವೂ ಇಲ್ಲ. ಊಟದ ತಟ್ಟೆ ನನ್ನ ಕಡೆ ಸರಿಸುತ್ತಾನೆ, ಅಷ್ಟೆ.

ಹಚ್ಚೆ ಮಾಗುವವರೆಗೆ ದಿನಾ ಎಣ್ಣೆ ತಿಕ್ಕಬೇಕು. ಮೈಯ ಮುಂಭಾಗಕ್ಕೆ ನಮ್ಮ ಕೈಯೇ ಎಟುಕುತ್ತದೆ, ಬೆನ್ನಿಗೆ ಜೋಡಿ ಬೇಕು. ಇಯೋಸುವಾ ಅತ್ತೆಯನ್ನು ಕರೆದು ಬೆನ್ನಿಗೆ ಹಚ್ಚಿಸಿಕೊಳ್ಳುತ್ತಾನೆ. ನಾನಿರುವಾಗ ಕಂಬಕ್ಕೆ ಬೆನ್ನು ಕೊಟ್ಟೇ ಕೂರುತ್ತಾನೆ. ಇಡೀ ದಿನ. ಮಲಗುವಾಗಲೂ ನನ್ನ ಕಡೆ ಮುಖ ಮಾಡಿಯೇ ಮಲಗುತ್ತಾನೆ. ಸಿಟ್ಟಾದವನು ಬೆನ್ನು ತಿರುಗಿಸಿ ಮಲಗುವುದನ್ನು ನೋಡಿದ್ದೇನೆ. ಇದೇನೆಂದು ಎರಡು ದಿನ ಅರ್ಥವಾಗಲಿಲ್ಲ. ನಾನು ಕುರ್ಚಿಯಿಂದ ಬಾರಿಸಿದ್ದು ಆ ಬೆನ್ನಿಗೇ.

ಇವತ್ತು ಅತ್ತೆ ನನ್ನ ಬೆನ್ನಿಗೆ ಎಣ್ಣೆ ತಿಕ್ಕುತ್ತ, "ಅವತ್ತು ಪೊರಕೆಲಿ ಇನ್ನೆರಡು ಬಿಡಬೇಕಿತ್ತು ನಾನು," ಎಂದಳು. ಅವಳಿಗೆ ಅವನು ಹೇಳಿದನೋ, ಅವಳೇ ತಿಳಿದುಕೊಂಡಳೋ.

ಜುಲೈ 6, ಶನಿವಾರ

ಸಮುದ್ರದಲ್ಲಿ ಸೊಂಟದಷ್ಟು ನೀರಿನಲ್ಲಿ ನಿಂತಿದ್ದೆವು. ಅವನೇ ಮಾತು ತೆಗೆದ.

"ಗುರುಗಳು ಕೇಳ್ದಾಗ್ಲೂ ಗೊತ್ತಿತ್ತು ನಿಂಗೆ."

"ಹೌದು."

"ಹೊಕ್ಕುಳಿನ ದಿನಾನೂ."

"ಹೌದು."

ಅವನು ನೀರು ಎರಚಿಕೊಂಡು ಮುಖ ತೊಳೆದ. ಬಹಳ ಹೊತ್ತು ತೊಳೆದ. ನನಗೆ ಏನು ಮಾಡಬೇಕೆಂದು ತಿಳಿಯದೆ, ಹನ್ನೊಂದು ವರ್ಷದ ಅಭ್ಯಾಸದಿಂದ ಅವನನ್ನೇ ಕೇಳಿದೆ, ಈಗ ನಾನು ಏನು ಮಾಡಲಿ ಅಣ್ಣ ಎಂದು.

"ಇಷ್ಟು ದಿನ ನಾನೇ ಹೇಳ್ದೆ ಮಿನೊ. ಈ ಸಲ ನೀನೇ ಹೇಳು."

ಅಷ್ಟು ಹೇಳಿ ಮೊದಲು ನಾನು ದಡಕ್ಕೆ ಹೋಗಲಿ ಎಂದು ನಿಂತ. ನಾನು ಮುಂದೆ ನಡೆದೆ, ಅವನು ಹಿಂದೆ ಬಂದ.

ಜುಲೈ 8, ಸೋಮವಾರ

ಅಂಚೆ ಕಚೇರಿಗೆ ಹೋಗಿಬಂದೆ. ಇನ್ನೂ ಮಾಗದ ತೊಡೆಗೆ ಬಟ್ಟೆ ಉಜ್ಜಿ ರಕ್ತ ಬಂತು. ಹಾರ್ಲನ್ನನಿಗೆ ಫೋನು ಮಾಡಲು ಬೆಂಚಿನ ಮೇಲೆ ಮುಕ್ಕಾಲು ಗಂಟೆ ಕಾದೆ. ಏನು ಹೇಳಬೇಕೆಂದು ಈ ಪುಸ್ತಕದಲ್ಲಿ ಬರೆದುಕೊಂಡು ಹೋಗಿದ್ದೆ, ಫೋನು ಹಿಡಿದಾಗ ಅಕ್ಷರಗಳೇ ಕಾಣಲಿಲ್ಲ.

ಆಗಸ್ಟಿನಲ್ಲಿ ಇಯೋಸುವಾನ ಜೊತೆ ಸೇಡಿನ ಕುಸ್ತಿ ಇರಬೇಕು, ಅವನು ಗೆಲ್ಲಬೇಕು, ಇಲ್ಲವಾದರೆ ನಾನೂ ಬರುವುದಿಲ್ಲ ಎಂದೆ. ಹಾರ್ಲನ್ ನಕ್ಕ. ಚೆನ್ನಾಗಿದೆ, ಇದನ್ನೂ ಆಟದಲ್ಲಿ ಸೇರಿಸೋಣ ಎಂದ. ಆಟವಲ್ಲ ಎಂದೆ. ನಿಜವಾಗಿ ಹೇಳುತ್ತಿದ್ದೀಯೋ ಹೇಗೆ ಎಂದು ಕೇಳಿದ. ನನ್ನ ದನಿಯೇ ಹಾಗಿರಬೇಕು, ಯಾರಿಗೂ ಗೊತ್ತಾಗುವುದಿಲ್ಲ. ನಿಜ ಎಂದು ಮೂರು ಸಲ ಹೇಳಬೇಕಾಯಿತು. ಮೂರನೇ ಸಲಕ್ಕೆ ಅವನು, ಹಾಗಾದರೆ ಅಲ್ಲೇ ಮೀನು ಹಿಡಿದುಕೊಂಡಿರು ಎಂದು ಫೋನಿಟ್ಟ.

ವಾಪಸು ಬರುವಾಗ ದಾರಿಯುದ್ದಕ್ಕೂ ಲೆಕ್ಕ ಹಾಕಿದೆ. ಅವನಿಗೆ ಕೆಲಸ ಸಿಗಲಿಲ್ಲ, ನನ್ನದೂ ಹೋಯಿತು. ಇದರಿಂದ ಯಾರಿಗೆ ಏನು ಬಂತು? ಎರಡು ತಲೆಮಾರಿನ ಕುಸ್ತಿ ಒಂದು ಫೋನಿನಲ್ಲಿ ಮುಗಿಯಿತು. ಸರಿ ಮಾಡಿದೆನೋ ಪೆದ್ದುತನ ಮಾಡಿದೆನೋ ಇದನ್ನು ಬರೆಯುವಾಗಲೂ ತಿಳಿಯುತ್ತಿಲ್ಲ. ದೊಡ್ಡಪ್ಪನಿಗೆ ಹೇಗೆ ಹೇಳುವುದು ಎಂಬುದಂತೂ ಏನೇನೂ ತಿಳಿಯುತ್ತಿಲ್ಲ.

ಇಯೋಸುವಾ ಕಂಬಕ್ಕೆ ಒರಗಿ ಕೂತು ಬ್ರೆಡ್‌ಫ್ರೂಟ್ ಕಾಯಿ ಸುಲಿಯುತ್ತಿದ್ದ. ನಡೆದದ್ದನ್ನೆಲ್ಲ ಹೇಳಿದೆ. ಮೀನಿನ ಮಾತನ್ನೂ ಹೇಳಿದೆ. ಅವನು ಚಾಕು ಕೆಳಗಿಟ್ಟು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದ.

"ನಿಂಗೆ ಮೀನು ಹಿಡಿಯೋಕೂ ಬರಲ್ಲ," ಎಂದ.

ಬರುವುದಿಲ್ಲ ಎಂದು ಒಪ್ಪಿಕೊಂಡೆ. ಅವನು ಕಂಬ ಹಿಡಿದು ನಿಧಾನವಾಗಿ ಎದ್ದ. ಚಾಪೆ ಎಳೆದು ಹಾಸಿಕೊಂಡು ಬೋರಲು ಮಲಗಿದ. ಮುಖ ಆ ಕಡೆಗಿತ್ತು.

"ಎಣ್ಣೆ ತಾ. ಅತ್ತೆ ಕೈ ಬಹಳ ಒರಟು."

ಅವನ ಬೆನ್ನು ನನ್ನ ಕಡೆ ಇತ್ತು. ನಾನು ಬಟ್ಟಲು ತಂದು ಪಕ್ಕದಲ್ಲಿ ಕೂತೆ.